ಡಿಎಲ್‌ಎಲ್ ಕಾಣೆಯಾಗಿದೆಯೇ? ಕಡತವನ್ನಲ್ಲ, ಅದು ಬಂದ ಪ್ಯಾಕೇಜನ್ನು ಹುಡುಕಿ

ಅಂಗಡಿಗೋ ತೋಟದ ಮನೆಗೋ ಒಂದು ಐಪಿ ಕ್ಯಾಮೆರಾ ತಂದು ರೂಟರಿಗೆ ಜೋಡಿಸಿದ್ದೀರಿ. ಅದನ್ನು ನೆಟ್‌ವರ್ಕ್‌ನಲ್ಲಿ ಹುಡುಕಿಕೊಡುವ ಪುಟ್ಟ ತಂತ್ರಾಂಶವನ್ನು ಕಂಪ್ಯೂಟರಿಗೆ ಹಾಕಿ ತೆರೆಯಲು ಹೋದರೆ, ಕ್ಯಾಮೆರಾದ ಬದಲು ಕೆಂಪು ಗುರುತಿನ ಚಿಕ್ಕ ಕಿಟಕಿಯೊಂದು ಎದುರಾಗುತ್ತದೆ. ‘ಡಬ್ಲ್ಯುಪಿಕ್ಯಾಪ್.ಡಿಎಲ್‌ಎಲ್ ಸಿಗಲಿಲ್ಲ, ಮುಂದುವರಿಯಲಾಗದು, ಪ್ರೋಗ್ರಾಮನ್ನು ಮತ್ತೆ ಇನ್‌ಸ್ಟಾಲ್ ಮಾಡಿ’ ಎಂಬುದು ಅದರ ಸಾರ. ಮತ್ತೆ ಇನ್‌ಸ್ಟಾಲ್ ಮಾಡಿದರೂ ಅದೇ ಕಿಟಕಿ. ಬೆರಳಚ್ಚು ಯಂತ್ರ, ಡಿಜಿಟಲ್ ಸಹಿಯ ಟೋಕನ್, ವೈಫೈ ಪ್ರಿಂಟರ್, ಹಾಜರಾತಿ ಯಂತ್ರ ಹೀಗೆ ಯಾವುದನ್ನು ಜೋಡಿಸಹೊರಟರೂ ಕಡತದ ಹೆಸರು ಬದಲಾಗಿ ಇದೇ ದೂರು ಬರಬಹುದು.

ಆಗ ಬಹುತೇಕರು ಆ ಕಡತದ ಹೆಸರನ್ನೇ ಗೂಗಲ್‌ಗೆ ಕೊಡುತ್ತಾರೆ. ‘ಈ ಡಿಎಲ್‌ಎಲ್ ಉಚಿತವಾಗಿ ಇಲ್ಲಿದೆ, ಇಳಿಸಿಕೊಂಡು ಸಿಸ್ಟಮ್32 ಫೋಲ್ಡರಿಗೆ ಹಾಕಿ’ ಎನ್ನುವ ಪುಟಗಳು ಸಾಲಾಗಿ ಬಂದು ನಿಲ್ಲುತ್ತವೆ. ಈ ಇಡೀ ಲೇಖನದಲ್ಲಿ ಬೇಡವೇ ಬೇಡ ಎಂದು ನಾನು ಹೇಳುವುದು ಅದೊಂದನ್ನೇ. ಉಳಿದದ್ದೆಲ್ಲ ನಿಧಾನವಾಗಿ, ಒಂದೊಂದಾಗಿ ಮಾಡಬಹುದಾದ ಕೆಲಸ.

ಈ ಕಡತಗಳು ಏನು ಮಾಡುತ್ತವೆ

ವಿಂಡೋಸ್‌ನಲ್ಲಿ ಪ್ರತಿಯೊಂದು ಪ್ರೋಗ್ರಾಮೂ ತನಗೆ ಬೇಕಾದ ಎಲ್ಲವನ್ನೂ ತಾನೇ ಹೊತ್ತು ತಿರುಗುವುದಿಲ್ಲ. ದಿನಾಂಕ ಲೆಕ್ಕ ಹಾಕುವುದು, ಅಕ್ಷರ ಜೋಡಿಸುವುದು, ನೆಟ್‌ವರ್ಕ್ ಮೂಲಕ ಮಾಹಿತಿ ಕಳಿಸುವುದು ಮುಂತಾದ ಸಾಮಾನ್ಯ ಕೆಲಸಗಳ ಕೋಡನ್ನು ಬೇರೆ ಕಡತಗಳಲ್ಲಿಟ್ಟು, ಬೇಕಾದವರು ಬಳಸಿಕೊಳ್ಳಲಿ ಎಂದು ಬಿಟ್ಟಿರುತ್ತಾರೆ. ಊರ ದೇವಸ್ಥಾನದಲ್ಲಿ ಮದುವೆ ಮನೆಗಳಿಗೆಂದು ಇಟ್ಟಿರುವ ದೊಡ್ಡ ಪಾತ್ರೆಗಳ ಹಾಗೆ. ಇವೇ ಡಿಎಲ್‌ಎಲ್‌ಗಳು. ಇಂಥ ಕಡತಗಳಿಗೆ ಲೈಬ್ರರಿ ಎಂಬ ಹೆಸರೂ ಇದೆ. ಲಿನಕ್ಸ್‌ನಲ್ಲಿ ಇದೇ ಬಗೆಯ ಕಡತಗಳ ಹೆಸರಿನ ಕೊನೆಗೆ ಎಸ್‌ಒ ಎಂದಿರುತ್ತದೆ.

ಪ್ರೋಗ್ರಾಮ್ ಶುರುವಾಗುವಾಗ ತನಗೆ ಬೇಕಾದ ಡಿಎಲ್‌ಎಲ್‌ಗಳ ಪಟ್ಟಿಯನ್ನು ವಿಂಡೋಸ್ ಮುಂದಿಡುತ್ತದೆ. ವಿಂಡೋಸ್ ತನ್ನದೇ ಆದ ಕೆಲವು ಮೂಲ ಕಡತಗಳನ್ನು ಬಿಟ್ಟರೆ ಉಳಿದವನ್ನು ಮೊದಲು ಆ ಪ್ರೋಗ್ರಾಮ್ ಇರುವ ಫೋಲ್ಡರಿನಲ್ಲೇ ಹುಡುಕುತ್ತದೆ, ನಂತರ ಸಿಸ್ಟಮ್ ಫೋಲ್ಡರುಗಳಲ್ಲಿ, ಕೊನೆಗೆ ಪಾತ್ ಎಂಬ ಪಟ್ಟಿಯಲ್ಲಿರುವ ಜಾಗಗಳಲ್ಲಿ. ಎಲ್ಲೂ ಸಿಗದಿದ್ದರೆ ಆ ಕಿಟಕಿ ತೆರೆದುಕೊಳ್ಳುತ್ತದೆ.

ಈ ಹುಡುಕಾಟದ ಕ್ರಮದಲ್ಲೇ ಅಪಾಯವೂ ಇದೆ. ಹೆಸರು ಹೊಂದಿದರೆ ಸಾಕು, ಆ ಕಡತವನ್ನು ಪ್ರೋಗ್ರಾಮ್ ತನ್ನೊಳಗೆ ಸೇರಿಸಿಕೊಳ್ಳುತ್ತದೆ. ಒಳಗೆ ಸೇರಿದ ಮೇಲೆ ಆ ಪ್ರೋಗ್ರಾಮಿಗೆ ಇರುವ ಎಲ್ಲ ಅಧಿಕಾರವೂ ಅದಕ್ಕೆ ಸಿಗುತ್ತದೆ. ನಿಮ್ಮ ಸಹಿಯ ಟೋಕನ್ ಓದುವ ಪ್ರೋಗ್ರಾಮಿನೊಳಗೆ ಗುರುತು ಪರಿಚಯವಿಲ್ಲದ ಡಿಎಲ್‌ಎಲ್ ಕುಳಿತರೆ, ನೀವು ಒತ್ತುವ ಪಿನ್ ಅದಕ್ಕೂ ಕಾಣುತ್ತದೆ. ಲೈಬ್ರರಿ ಕಡತವೊಂದರ ಮೇಲೆ ಎಷ್ಟು ನಂಬಿಕೆ ನಿಂತಿರುತ್ತದೆ ಎಂಬುದಕ್ಕೆ 2024ರ ಮಾರ್ಚ್‌ನ ಪ್ರಸಂಗವನ್ನು ನೆನೆಯಬಹುದು. ಲಿನಕ್ಸ್‌ನಲ್ಲಿ ಕಡತಗಳನ್ನು ಕುಗ್ಗಿಸಲು ಬಳಸುವ ಎಕ್ಸ್‌ಜೆಡ್ ಎಂಬ ಲೈಬ್ರರಿಯ 5.6.0 ಮತ್ತು 5.6.1 ಆವೃತ್ತಿಗಳಲ್ಲಿ ಯಾರೋ ಕಳ್ಳಬಾಗಿಲು ಇಟ್ಟಿದ್ದರು. ದೂರದ ಸರ್ವರ್‌ಗಳಿಗೆ ಲಾಗಿನ್ ಆಗುವ ಎಸ್‌ಎಸ್‌ಎಚ್ ವ್ಯವಸ್ಥೆಯೇ ಅದರ ಗುರಿ. ಲಾಗಿನ್ ಆಗಲು ಸುಮಾರು ಅರ್ಧ ಸೆಕೆಂಡ್ ಹೆಚ್ಚು ಹಿಡಿಯುತ್ತಿದೆಯಲ್ಲ ಎಂದು ಮೈಕ್ರೋಸಾಫ್ಟ್‌ನ ಎಂಜಿನಿಯರ್ ಆಂಡ್ರೆಸ್ ಫ್ರಾಯ್ಂಡ್ ಕೆದಕಿ ನೋಡಿದ್ದರಿಂದ ಅದು ಬಯಲಾಯಿತು. ಅಧಿಕೃತ ದಾರಿಯಲ್ಲಿ ಬಂದ ಕಡತದ ಕಥೆಯೇ ಹೀಗಿರುವಾಗ, ಮೂಲವೇ ಗೊತ್ತಿಲ್ಲದ ಒಂಟಿ ಡಿಎಲ್‌ಎಲ್ ಹಂಚುವ ತಾಣವನ್ನು ನಂಬಲು ನನ್ನ ಮನಸ್ಸಂತೂ ಒಪ್ಪುವುದಿಲ್ಲ.

ಮೊದಲ ಹೆಜ್ಜೆ: ಕಿಟಕಿಯನ್ನು ಮುಚ್ಚುವ ಮುನ್ನ ಓದಿ

ದೂರಿನ ಕಿಟಕಿಯ ಒಂದು ಫೋಟೊ ತೆಗೆದುಕೊಳ್ಳಿ. ಮೇಲಿನ ಪಟ್ಟಿಯಲ್ಲಿ ಯಾವ ಪ್ರೋಗ್ರಾಮ್ ದೂರುತ್ತಿದೆ ಎಂಬುದು ಇರುತ್ತದೆ, ಒಳಗೆ ಕಡತದ ಹೆಸರಿರುತ್ತದೆ. ಹೆಸರಿನ ಒಂದೊಂದು ಅಕ್ಷರ, ಅಂಕಿಯೂ ಮುಖ್ಯ. ಜೊತೆಗೆ ದೂರಿನ ಬಗೆ ಯಾವುದೆಂದು ನೋಡಿ. ‘ಸಿಗಲಿಲ್ಲ’ ಎಂದರೆ ಕಡತವೇ ಇಲ್ಲ. ‘ಎಂಟ್ರಿ ಪಾಯಿಂಟ್ ಸಿಗಲಿಲ್ಲ’ ಎಂದಿದ್ದರೆ ಕಡತ ಇದೆ, ಆದರೆ ಬೇರೆ ಆವೃತ್ತಿಯದು. 0ಎಕ್ಸ್‌ಸಿ000007ಬಿ ಎಂಬ ಸಂಖ್ಯೆ ಬಂದರೆ ಬಹುಪಾಲು 32 ಬಿಟ್, 64 ಬಿಟ್ ಕಡತಗಳು ಅದಲುಬದಲಾಗಿವೆ ಎಂದರ್ಥ. ಮೂರಕ್ಕೂ ಮದ್ದು ಬೇರೆ ಬೇರೆ.

ಇನ್ನೊಂದು ಸಣ್ಣ ವಿಷಯವನ್ನು ಇಲ್ಲಿಯೇ ನೋಡಿಬಿಡಿ. ತಂತ್ರಾಂಶ ಜಿಪ್ ಕಡತವಾಗಿ ಬಂದಿದ್ದರೆ ಅದನ್ನು ಪೂರ್ತಿ ಬಿಚ್ಚಿದ್ದೀರಾ? ಜಿಪ್ ಒಳಗಿನಿಂದಲೇ ಪ್ರೋಗ್ರಾಮನ್ನು ಒತ್ತಿದರೆ ವಿಂಡೋಸ್ ಅದೊಂದನ್ನೇ ತಾತ್ಕಾಲಿಕ ಜಾಗಕ್ಕೆ ತೆಗೆದು ಓಡಿಸುತ್ತದೆ. ಪಕ್ಕದಲ್ಲಿದ್ದ ಡಿಎಲ್‌ಎಲ್‌ಗಳು ಜಿಪ್ ಒಳಗೇ ಉಳಿಯುತ್ತವೆ. ಕ್ಯೂಟಿ5ಕೋರ್.ಡಿಎಲ್‌ಎಲ್ ಇಲ್ಲ ಎಂಬ ದೂರಿಗೆ ಅನೇಕ ಸಲ ಕಾರಣ ಇಷ್ಟೇ. ಇನ್‌ಸ್ಟಾಲ್ ಆದ ಫೋಲ್ಡರಿನಿಂದ ಪ್ರೋಗ್ರಾಮಿನ ಕಡತವೊಂದನ್ನೇ ಡೆಸ್ಕ್‌ಟಾಪಿಗೆ ನಕಲು ಮಾಡಿಟ್ಟುಕೊಂಡವರಿಗೂ ಇದೇ ಗತಿ. ಅಲ್ಲಿಗೆ ಬೇಕಾದ್ದು ನಕಲಲ್ಲ, ಶಾರ್ಟ್‌ಕಟ್.

ಎರಡನೆಯ ಹೆಜ್ಜೆ: ಹೆಸರಿನಿಂದ ಪ್ಯಾಕೇಜನ್ನು ಗುರುತಿಸಿ

ಡಿಎಲ್‌ಎಲ್‌ಗಳು ಒಂಟಿಯಾಗಿ ಬರುವುದಿಲ್ಲ. ಪ್ರತಿಯೊಂದೂ ಯಾವುದಾದರೊಂದು ಪ್ಯಾಕೇಜಿನ ಭಾಗ. ಆ ಪ್ಯಾಕೇಜನ್ನು ಅದರ ತಯಾರಕರಿಂದಲೇ ಪಡೆದು ಹಾಕಿದರೆ ಕಾಣೆಯಾದ ಕಡತದ ಜೊತೆಗೆ ಅದಕ್ಕೆ ಬೇಕಾದ ಒಡನಾಡಿಗಳೂ ಸರಿಯಾದ ಜಾಗಕ್ಕೆ ಬಂದು ಕೂರುತ್ತವೆ.

ವಿಸಿರನ್‌ಟೈಮ್140, ಎಂಎಸ್‌ವಿಸಿಪಿ140, ವಿಸಿರನ್‌ಟೈಮ್140_1 ಎಂಬ ಹೆಸರುಗಳೇ ಎಲ್ಲಕ್ಕಿಂತ ಹೆಚ್ಚಾಗಿ ಕಾಣಿಸುತ್ತವೆ. ಇವು ಮೈಕ್ರೋಸಾಫ್ಟ್‌ನ ವಿಷುವಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಪ್ಯಾಕೇಜಿಗೆ ಸೇರಿದವು. ಹೆಸರಿನ ಕೊನೆಯ ಅಂಕಿಯೇ ವಿಳಾಸ: 140 ಇದ್ದರೆ 2015ರಿಂದ ಈಚಿನದು, 120 ಇದ್ದರೆ 2013ರದು, 110 ಇದ್ದರೆ 2012ರದು, 100 ಇದ್ದರೆ 2010ರದು. 130 ಎಂಬುದೇ ಇಲ್ಲ. ಆವೃತ್ತಿ ಸಂಖ್ಯೆಯಲ್ಲಿ 12ರಿಂದ ನೇರ 14ಕ್ಕೆ ಮೈಕ್ರೋಸಾಫ್ಟ್ ಜಿಗಿಯಿತು. 2015, 2017, 2019, 2022ರ ವಿಷುವಲ್ ಸ್ಟುಡಿಯೋಗಳಿಗೆ ಒಂದೇ ಪ್ಯಾಕೇಜ್ ಸಾಕು. ಅದರ ಹೊಸ ಆವೃತ್ತಿ ಹಾಕಿದರೆ ಹಳೆಯದರ ಕೆಲಸವೂ ನಡೆಯುತ್ತದೆ. 2013ರದು, 2010ರದು ಮಾತ್ರ ಬೇರೆ ಬೇರೆಯಾಗಿಯೇ ಇರಬೇಕು. ಕಂಟ್ರೋಲ್ ಪ್ಯಾನೆಲ್ಲಿನಲ್ಲಿ ಒಂದೇ ಹೆಸರಿನ ಹತ್ತು ಸಾಲು ಕಂಡಿತೆಂದು ಬೇಸತ್ತು ಅವನ್ನು ಅಳಿಸಿಹಾಕುವವರಿದ್ದಾರೆ. ಮರುದಿನ ಯಾವುದೋ ಪ್ರೋಗ್ರಾಮ್ ತೆರೆಯುವುದಿಲ್ಲ.

ಹೆಸರಿನ ಕೊನೆಗೆ ಡಿ ಅಕ್ಷರ ಅಂಟಿಕೊಂಡಿದೆಯೇ ನೋಡಿ: ವಿಸಿರನ್‌ಟೈಮ್140ಡಿ, ಎಂಎಸ್‌ವಿಸಿಪಿ140ಡಿ. ಹಾಗಿದ್ದರೆ ತಪ್ಪು ನಿಮ್ಮ ಕಂಪ್ಯೂಟರಿನದ್ದಲ್ಲ. ಅದು ತಂತ್ರಾಂಶ ಬರೆಯುವವರು ದೋಷ ಹುಡುಕಲು ತಮ್ಮಲ್ಲಷ್ಟೇ ಬಳಸುವ ಡೀಬಗ್ ಆವೃತ್ತಿಯ ಕಡತ. ಅದನ್ನು ಹೊರಗಿನವರಿಗೆ ಹಂಚುವಂತಿಲ್ಲ, ಯಾವ ಸಾರ್ವಜನಿಕ ಪ್ಯಾಕೇಜಿನಲ್ಲೂ ಅದು ಇರುವುದಿಲ್ಲ. ಸಾಧನ ತಯಾರಿಸಿದವರು ಪರೀಕ್ಷೆಯ ಪ್ರತಿಯನ್ನೇ ಅವಸರದಲ್ಲಿ ಗ್ರಾಹಕರಿಗೆ ಕಳಿಸಿದ್ದಾರೆ. ಅವರಿಗೆ ಬರೆದು ರಿಲೀಸ್ ಆವೃತ್ತಿ ಕೇಳಿ. ಗಂಟೆಗಟ್ಟಲೆ ಒದ್ದಾಡುವ ಮುಂಚೆ ಈ ಒಂದು ಅಕ್ಷರವನ್ನು ಗಮನಿಸಿದರೆ ಎಷ್ಟೋ ಸಮಯ ಉಳಿಯುತ್ತದೆ.

ಎಪಿಐ-ಎಂಎಸ್-ವಿನ್-ಸಿಆರ್‌ಟಿ ಎಂದು ಶುರುವಾಗುವ ಉದ್ದನೆಯ ಹೆಸರು ಬಂದರೆ, ಸಾಮಾನ್ಯವಾಗಿ ನಿಮ್ಮದು ವಿಂಡೋಸ್ 7 ಅಥವಾ 8ರ ಕಂಪ್ಯೂಟರ್. ಯೂನಿವರ್ಸಲ್ ಸಿಆರ್‌ಟಿ ಎಂಬ ಈ ಭಾಗ ವಿಂಡೋಸ್ 10ರಿಂದ ವಿಂಡೋಸ್‌ನೊಳಗೇ ಇದೆ. ಹಳೆಯದಕ್ಕೆ ಕೆಬಿ2999226 ಎಂಬ ಅಪ್‌ಡೇಟ್ ಬೇಕು, ವಿಂಡೋಸ್ 7 ಆದರೆ ಅದಕ್ಕೂ ಮುಂಚೆ ಸರ್ವಿಸ್ ಪ್ಯಾಕ್ 1 ಬೇಕು. ಆದರೆ ವಿಂಡೋಸ್ 7ಕ್ಕೆ ಮೈಕ್ರೋಸಾಫ್ಟ್‌ನ ಬೆಂಬಲ ನಿಂತದ್ದು 2020ರ ಜನವರಿ 14ರಂದು. ಹಣಕಾಸಿನ ಕೆಲಸಕ್ಕೆ ಬಳಸುವ ಯಂತ್ರವಾದರೆ ಅಪ್‌ಡೇಟ್ ಹುಡುಕುವ ಬದಲು ವಿಂಡೋಸನ್ನೇ ಬದಲಿಸುವುದು ಮೇಲು. ವಿಂಡೋಸ್ 10ರ ಸಾಮಾನ್ಯ ಬೆಂಬಲವೂ 2025ರ ಅಕ್ಟೋಬರ್ 14ಕ್ಕೆ ಮುಗಿದಿದೆ.

ಕ್ಯಾಮೆರಾ ಹುಡುಕುವ ತಂತ್ರಾಂಶ ಕೇಳಿದ ಡಬ್ಲ್ಯುಪಿಕ್ಯಾಪ್.ಡಿಎಲ್‌ಎಲ್ ನೆಟ್‌ವರ್ಕ್‌ನಲ್ಲಿ ಓಡಾಡುವ ಮಾಹಿತಿಯನ್ನು ನೇರವಾಗಿ ಓದುವ ಕಡತ. ಇನ್ನೂ ಐಪಿ ವಿಳಾಸ ಸಿಗದ ಸಾಧನವನ್ನು ಪತ್ತೆಹಚ್ಚಲು ಇಂಥದ್ದು ಬೇಕಾಗುತ್ತದೆ. ಅದು ವಿನ್‌ಪಿಕ್ಯಾಪ್ ಎಂಬ ಪ್ಯಾಕೇಜಿನದು. ಅದರ ಕೊನೆಯ ಆವೃತ್ತಿ 4.1.3 ಬಂದದ್ದು 2013ರಲ್ಲಿ, ಆಮೇಲೆ ಅದನ್ನು ಕೈಬಿಡಲಾಗಿದೆ. ಈಗ ಅದರ ಜಾಗದಲ್ಲಿ ಎನ್‌ಮ್ಯಾಪ್ ಯೋಜನೆಯವರ ಎನ್‌ಪಿಕ್ಯಾಪ್ ಇದೆ. ಅದನ್ನು ಅವರ ತಾಣದಿಂದ ಇಳಿಸಿ ಹಾಕುವಾಗ ‘ವಿನ್‌ಪಿಕ್ಯಾಪ್ ಹೊಂದಾಣಿಕೆ’ ಎಂಬ ಆಯ್ಕೆಗೆ ಟಿಕ್ ಇದೆಯೇ ನೋಡಿಕೊಳ್ಳಿ. ಟಿಕ್ ಇಲ್ಲದಿದ್ದರೆ ಕಡತಗಳು ಸಿಸ್ಟಮ್ ಫೋಲ್ಡರಿನೊಳಗಿನ ಎನ್‌ಪಿಕ್ಯಾಪ್ ಎಂಬ ಉಪಫೋಲ್ಡರಿನಲ್ಲಷ್ಟೇ ಉಳಿದು, ಹಳೆಯ ತಂತ್ರಾಂಶಕ್ಕೆ ಕಾಣುವುದೇ ಇಲ್ಲ.

ಲಿಬ್‌ಎಸ್‌ಎಸ್‌ಎಲ್, ಲಿಬ್‌ಕ್ರಿಪ್ಟೋ ಎಂದು ಶುರುವಾಗುವವು ಓಪನ್‌ಎಸ್‌ಎಸ್‌ಎಲ್‌ನವು. ಸಾಧನಕ್ಕೂ ಸರ್ವರಿಗೂ ನಡುವಿನ ಸಂಪರ್ಕವನ್ನು ಗೂಢಲಿಪಿಯಲ್ಲಿಡುವುದು ಇವುಗಳ ಕೆಲಸ. ಇವು ವಿಂಡೋಸ್‌ನ ಭಾಗವಲ್ಲ, ಆಯಾ ಪ್ರೋಗ್ರಾಮಿನ ಫೋಲ್ಡರಿನಲ್ಲೇ ಇರಬೇಕಾದವು. ಹಾಗಾಗಿ ಆ ಪ್ರೋಗ್ರಾಮನ್ನೇ ಹೊಸದಾಗಿ ಹಾಕಬೇಕು. ಹೆಸರಿನಲ್ಲಿ 1_1 ಎಂದಿದ್ದರೆ ತಯಾರಕರಲ್ಲಿ ಹೊಸ ಆವೃತ್ತಿ ಇದೆಯೇ ವಿಚಾರಿಸಿ, ಏಕೆಂದರೆ ಓಪನ್‌ಎಸ್‌ಎಸ್‌ಎಲ್ 1.1.1ರ ಸಾರ್ವಜನಿಕ ಬೆಂಬಲ 2023ರ ಸೆಪ್ಟೆಂಬರ್‌ನಲ್ಲೇ ಮುಗಿದಿದೆ.

ಹಳೆಯ ಲೆಕ್ಕಪತ್ರದ ತಂತ್ರಾಂಶಗಳು ಎಂಎಸ್‌ಕಾಮ್‌ಸಿಟಿಎಲ್.ಒಸಿಎಕ್ಸ್ ಇಲ್ಲ ಎಂದು ದೂರಿದರೆ, ಯಾರೋ ಹಳೆಯ ಕಂಪ್ಯೂಟರಿನಿಂದ ಫೋಲ್ಡರನ್ನಷ್ಟೇ ನಕಲು ಮಾಡಿ ತಂದಿದ್ದಾರೆ ಎಂದುಕೊಳ್ಳಿ. ಇಂಥ ಕಡತ ಇದ್ದರಷ್ಟೇ ಸಾಲದು, ವಿಂಡೋಸ್‌ನಲ್ಲಿ ನೋಂದಣಿಯಾಗಿರಬೇಕು. ಮೂಲ ಸೆಟಪ್ ಓಡಿಸಿದರೆ ಎರಡೂ ಆಗುತ್ತದೆ.

ಮೂರನೆಯ ಹೆಜ್ಜೆ: 32 ಮತ್ತು 64ರ ಗೊಂದಲ

ಇಲ್ಲಿ ಮೈಕ್ರೋಸಾಫ್ಟ್ ಹೆಸರಿಟ್ಟಿರುವ ರೀತಿ ಯಾರನ್ನಾದರೂ ದಾರಿ ತಪ್ಪಿಸುತ್ತದೆ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಫೋಲ್ಡರಿನೊಳಗೆ ಇರುವುದು 64 ಬಿಟ್ ಕಡತಗಳು. 32 ಬಿಟ್ ಕಡತಗಳು ಇರುವುದು ಸಿಸ್‌ವಾವ್64 ಎಂಬ ಫೋಲ್ಡರಿನಲ್ಲಿ. ಹಳೆಯ ಪ್ರೋಗ್ರಾಮುಗಳು ಸಿಸ್ಟಮ್32 ಎಂಬ ಹೆಸರನ್ನು ಕೋಡಿನಲ್ಲೇ ಬರೆದುಕೊಂಡಿದ್ದವು. ಅವನ್ನು 64 ಬಿಟ್‌ಗೆ ತರುವಾಗ ತೊಡಕಾಗದಿರಲೆಂದು ಹೆಸರನ್ನು ಹಾಗೆಯೇ ಉಳಿಸಿಕೊಂಡರು.

64 ಬಿಟ್ ಪ್ರೋಗ್ರಾಮಿಗೆ 64 ಬಿಟ್ ಡಿಎಲ್‌ಎಲ್ಲೇ ಬೇಕು, 32ಕ್ಕೆ 32ರದ್ದೇ. ನಡುವೆ ರಾಜಿಯಿಲ್ಲ. ನಿಮ್ಮ ವಿಂಡೋಸ್ 64 ಬಿಟ್‌ನದ್ದೇ ಆಗಿದ್ದರೂ ಸಾಧನದ ತಂತ್ರಾಂಶ 32 ಬಿಟ್‌ನದ್ದಾಗಿರಬಹುದು. ಆದ್ದರಿಂದ ವಿಷುವಲ್ ಸಿ++ ಪ್ಯಾಕೇಜನ್ನು ಹಾಕುವಾಗ ಎಕ್ಸ್86 (32 ಬಿಟ್), ಎಕ್ಸ್64 (64 ಬಿಟ್) ಎರಡನ್ನೂ ಹಾಕಿಬಿಡಿ. ಒಂದು ಇನ್ನೊಂದಕ್ಕೆ ಅಡ್ಡಿಯಾಗುವುದಿಲ್ಲ. ನಂತರ ಒಮ್ಮೆ ರೀಸ್ಟಾರ್ಟ್ ಮಾಡಿ.

ಡಿಜಿಟಲ್ ಸಹಿಯ ಟೋಕನ್‌ನಲ್ಲಿ ಈ ಗೊಂದಲ ಬೇರೆ ವೇಷದಲ್ಲಿ ಬರುತ್ತದೆ. ಡಿಎಲ್‌ಎಲ್ ಎಂಬ ಮಾತೇ ಇಲ್ಲದೆ ‘ಟೋಕನ್ ಪತ್ತೆಯಾಗಿಲ್ಲ’ ಎಂದಷ್ಟೇ ಹೇಳುತ್ತದೆ. ಟೋಕನ್‌ನ ದೀಪ ಉರಿಯುತ್ತಿರುತ್ತದೆ, ಡ್ರೈವರ್ ಇರುತ್ತದೆ. ಆದರೆ ಹಳೆಯ ಡ್ರೈವರ್ 32 ಬಿಟ್ ಕಡತವನ್ನಷ್ಟೇ ಹಾಕಿದ್ದು, ಸಹಿ ಮಾಡಿಸುವ ಪ್ರೋಗ್ರಾಮ್ 64 ಬಿಟ್‌ನದ್ದಾಗಿದ್ದರೆ ಅವೆರಡೂ ಒಂದನ್ನೊಂದು ಕಾಣುವುದಿಲ್ಲ. ತಯಾರಕರ ತಾಣದಿಂದ ಈಚಿನ ಡ್ರೈವರ್ ತಂದು, ಹಳೆಯದನ್ನು ತೆಗೆದು, ಟೋಕನ್ ಕಳಚಿಟ್ಟು ಹೊಸದನ್ನು ಹಾಕಿ, ರೀಸ್ಟಾರ್ಟ್ ಆದ ಮೇಲೆ ಟೋಕನ್ ಜೋಡಿಸಿ. ಆಧಾರ್ ದೃಢೀಕರಣದ ಬೆರಳಚ್ಚು ಯಂತ್ರಗಳಿಗೆ ಡ್ರೈವರ್ ಜೊತೆಗೆ ಆರ್‌ಡಿ ಸರ್ವಿಸ್ ಎಂಬ ಸೇವೆಯೂ ಬೇಕು. ಆ ಸೇವೆ ಓಡುತ್ತಿದೆಯೇ ಎಂದು ವಿಂಡೋಸ್‌ನ ಸರ್ವಿಸಸ್ ಪಟ್ಟಿಯಲ್ಲಿ ನೋಡಿ.

ನಾಲ್ಕನೆಯ ಹೆಜ್ಜೆ: ಆಂಟಿವೈರಸ್ ಹಿಡಿದಿಟ್ಟಿದೆಯೇ?

ನಿನ್ನೆಯವರೆಗೆ ನಡೆಯುತ್ತಿದ್ದ ಪ್ರೋಗ್ರಾಮ್ ಇಂದು ಏಕಾಏಕಿ ಕಡತ ಇಲ್ಲ ಎಂದರೆ ವಿಂಡೋಸ್ ಸೆಕ್ಯುರಿಟಿ ತೆರೆದು ಪ್ರೊಟೆಕ್ಷನ್ ಹಿಸ್ಟರಿ ನೋಡಿ. ಅಲ್ಲಿ ಆ ಕಡತ ಬಂಧನದಲ್ಲಿ ಕಂಡರೆ ತಕ್ಷಣ ಬಿಡಿಸಬೇಡಿ. ತಯಾರಕರ ಮೂಲ ಸೆಟಪ್ಪಿನಿಂದ ಮತ್ತೆ ಹಾಕಿ ನೋಡಿ. ಆಗಲೂ ಹಿಡಿದರೆ ತಯಾರಕರನ್ನು ಕೇಳುವುದೇ ಸರಿ.

ಐದನೆಯ ಹೆಜ್ಜೆ: ವಿಂಡೋಸ್‌ನದೇ ಕಡತ ಕೆಟ್ಟಿದ್ದರೆ

ಕರೆಂಟು ಹೋಗಿ ಅಪ್‌ಡೇಟ್ ಅರ್ಧಕ್ಕೆ ನಿಂತಾಗ ಅಥವಾ ಡಿಸ್ಕ್ ಹಾಳಾಗುತ್ತಿರುವಾಗ ವಿಂಡೋಸ್‌ನ ಸ್ವಂತ ಡಿಎಲ್‌ಎಲ್‌ಗಳೂ ಕೆಡುತ್ತವೆ. ಅದಕ್ಕೆ ವಿಂಡೋಸ್‌ನೊಳಗೇ ಎರಡು ಉಪಕರಣಗಳಿವೆ. ಸ್ಟಾರ್ಟ್ ಮೆನುವಿನಲ್ಲಿ ಸಿಎಂಡಿ ಎಂದು ಹುಡುಕಿ, ಕಮಾಂಡ್ ಪ್ರಾಂಪ್ಟ್ ಮೇಲೆ ಬಲಗುಂಡಿ ಒತ್ತಿ ಅಡ್ಮಿನಿಸ್ಟ್ರೇಟರ್ ಆಗಿ ತೆರೆಯಿರಿ. ಮುಂದಿನ ಆದೇಶಗಳನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಟೈಪ್ ಮಾಡಬೇಕು.

ಮೊದಲನೆಯದು: ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರಿಸ್ಟೋರ್‌ಹೆಲ್ತ್. ಪ್ರತಿ ಓರೆಗೆರೆಯ ಹಿಂದೆ ಒಂದು ಖಾಲಿ ಜಾಗ ಇರಬೇಕು, ಮುಂದೆ ಇರಬಾರದು. ದುರಸ್ತಿಗೆ ಬೇಕಾದ ಮೂಲ ಪ್ರತಿಗಳ ಸಂಗ್ರಹವನ್ನು ಇದು ಸರಿಪಡಿಸುತ್ತದೆ. ಅದಕ್ಕಾಗಿ ಸಾಮಾನ್ಯವಾಗಿ ವಿಂಡೋಸ್ ಅಪ್‌ಡೇಟ್ ಮೂಲಕ ಕಡತಗಳನ್ನು ತರಿಸಿಕೊಳ್ಳುವುದರಿಂದ ಇಂಟರ್ನೆಟ್ ಇರಲಿ. ನಡುವೆ ಒಂದೇ ಶೇಕಡಾವಾರಿನಲ್ಲಿ ಬಹಳ ಹೊತ್ತು ನಿಂತಂತೆ ಕಾಣಬಹುದು. ಮುಚ್ಚಬೇಡಿ, ಕಾಯಿರಿ.

ಅದು ಮುಗಿದ ಮೇಲೆ ಎರಡನೆಯದು: ಎಸ್‌ಎಫ್‌ಸಿ /ಸ್ಕ್ಯಾನ್‌ನೌ. ಸ್ಕ್ಯಾನ್ ಮತ್ತು ನೌ ಸೇರಿ ಒಂದೇ ಪದ. ಕೊನೆಯಲ್ಲಿ ಅದು ಸಾಮಾನ್ಯವಾಗಿ ಮೂರರಲ್ಲೊಂದು ಮಾತು ಹೇಳುತ್ತದೆ: ಯಾವ ದೋಷವೂ ಇಲ್ಲ, ಅಥವಾ ಕೆಟ್ಟ ಕಡತಗಳಿದ್ದವು, ಸರಿಪಡಿಸಿದೆ, ಅಥವಾ ಕೆಲವನ್ನು ಸರಿಪಡಿಸಲಾಗಲಿಲ್ಲ. ಮೂರನೆಯದಾದರೆ ರೀಸ್ಟಾರ್ಟ್ ಮಾಡಿ ಇನ್ನೊಮ್ಮೆ ಓಡಿಸಿ. ಆಗಲೂ ಅದೇ ಉತ್ತರವಾದರೆ ಮುಖ್ಯ ಕಡತಗಳ ಬ್ಯಾಕಪ್ ತೆಗೆದುಕೊಂಡು ಡಿಸ್ಕಿನ ಆರೋಗ್ಯವನ್ನು ಪರೀಕ್ಷಿಸುವ ಹೊತ್ತು ಬಂದಿದೆ.

ಬಹಳಷ್ಟು ಮಾರ್ಗದರ್ಶಿಗಳು ಯಾವ ಡಿಎಲ್‌ಎಲ್ ದೂರಿಗೂ ಈ ಎರಡು ಆದೇಶಗಳನ್ನೇ ಮೊದಲು ಹೇಳುತ್ತವೆ. ವಿಸಿರನ್‌ಟೈಮ್140 ಇಲ್ಲದವರಿಗೆ ಇವುಗಳಿಂದ ನಯಾಪೈಸೆ ಪ್ರಯೋಜನವಿಲ್ಲ. ಎಸ್‌ಎಫ್‌ಸಿ ನೋಡಿಕೊಳ್ಳುವುದು ವಿಂಡೋಸ್‌ನ ಸ್ವಂತ ಕಡತಗಳನ್ನು ಮಾತ್ರ. ಅದಕ್ಕೇ ಇದನ್ನು ಐದನೆಯದಾಗಿ ಇಟ್ಟಿದ್ದೇನೆ.

ಹೆಸರಿಸಿದ ಕಡತ ಇದ್ದಲ್ಲೇ ಇದ್ದರೂ ‘ನಿರ್ದಿಷ್ಟ ಮಾಡ್ಯೂಲ್ ಸಿಗಲಿಲ್ಲ’ ಎಂಬ ದೂರು ಬರುವುದುಂಟು. ಆ ಡಿಎಲ್‌ಎಲ್‌ಗೆ ಬೇಕಾದ ಇನ್ನೊಂದು ಡಿಎಲ್‌ಎಲ್ ಇಲ್ಲ ಎಂಬುದು ಅದರ ಅರ್ಥ. ಮೈಕ್ರೋಸಾಫ್ಟ್‌ನ ಸಿಸ್‌ಇಂಟರ್ನಲ್ಸ್ ಸಂಗ್ರಹದಲ್ಲಿ ಉಚಿತವಾಗಿ ಸಿಗುವ ಪ್ರೊಸೆಸ್ ಮಾನಿಟರ್ ಓಡಿಸಿ, ನಿಮ್ಮ ಪ್ರೋಗ್ರಾಮಿನ ಹೆಸರಿಗಷ್ಟೇ ಸೋಸಿ, ‘ನೇಮ್ ನಾಟ್ ಫೌಂಡ್’ ಎಂಬ ಸಾಲುಗಳನ್ನು ನೋಡಿ. ಒಂದೇ ಡಿಎಲ್‌ಎಲ್ ಹೆಸರು ಫೋಲ್ಡರಿಂದ ಫೋಲ್ಡರಿಗೆ ಹುಡುಕಾಡಿ ಕೊನೆಗೂ ಸಿಗದೆ ಹೋಗಿದ್ದರೆ ನಿಜವಾಗಿ ಕಾಣೆಯಾದದ್ದು ಅದೇ. ಅದರ ಹೆಸರು ಹಿಡಿದು ಎರಡನೆಯ ಹೆಜ್ಜೆಗೆ ಮರಳಿ.

ರಾಸ್ಪ್‌ಬೆರಿ ಪೈ ಬಳಸುವವರಿಗೆ

ತೋಟದ ತೇವಾಂಶ ಅಳೆಯಲು, ಪಂಪು ನಡೆಸಲು ಪೈ ಎಂಬ ಪುಟ್ಟ ಕಂಪ್ಯೂಟರ್ ಇಟ್ಟುಕೊಂಡವರು ಕಾಣುವ ದೂರು ಸಾಮಾನ್ಯವಾಗಿ ಹೀಗಿರುತ್ತದೆ: ಲಿಬ್‌ಎಸ್‌ಎಸ್‌ಎಲ್.ಎಸ್‌ಒ.1.1 ತೆರೆಯಲಾಗಲಿಲ್ಲ. ಅದರಲ್ಲಿ ಓಡುವ ರಾಸ್ಪ್‌ಬೆರಿ ಪೈ ಒಎಸ್‌ಗೆ ಡೆಬಿಯನ್ ಎಂಬ ಲಿನಕ್ಸ್ ಆಧಾರ. 2023ರಲ್ಲಿ ಬಂದ ಡೆಬಿಯನ್ 12ರಲ್ಲಿ ಓಪನ್‌ಎಸ್‌ಎಸ್‌ಎಲ್ 3 ಇದೆ, 1.1 ಇಲ್ಲ. ಹಳೆಯ ವ್ಯವಸ್ಥೆಗೆಂದು ಕಟ್ಟಿದ ಪ್ರೋಗ್ರಾಮ್ ಹೊಸದರಲ್ಲಿ ತನ್ನ ಹಳೆಯ ಲೈಬ್ರರಿಯನ್ನು ಹುಡುಕುತ್ತಿರುತ್ತದೆ. ಹೊಸ ಕಡತಕ್ಕೆ ಹಳೆಯ ಹೆಸರಿನ ಲಿಂಕ್ ಕೊಟ್ಟರಾಯಿತು ಎಂಬ ಉಪಾಯವನ್ನು ಅಲ್ಲಲ್ಲಿ ಓದುತ್ತೀರಿ. ಆಗ ‘ಕಡತ ಇಲ್ಲ’ ಎಂಬ ದೂರು ಹೋಗಿ ‘ಓಪನ್‌ಎಸ್‌ಎಸ್‌ಎಲ್_1_1_0 ಆವೃತ್ತಿ ಇಲ್ಲ’ ಎಂಬ ದೂರು ಬರುತ್ತದೆ, ಅಷ್ಟೇ. ಹೊಸ ವ್ಯವಸ್ಥೆಗಾಗಿ ಕಟ್ಟಿದ ಪ್ಯಾಕೇಜನ್ನೇ ಎಪಿಟಿ ಎಂಬ ಇನ್‌ಸ್ಟಾಲ್ ಆದೇಶದ ಮೂಲಕ ಹಾಕಿ. ಅದು ಇಲ್ಲದಿದ್ದರೆ ಮೂಲ ಕೋಡಿನಿಂದ ನಿಮ್ಮ ಪೈ ಮೇಲೆಯೇ ಕಟ್ಟಿಕೊಳ್ಳಿ.

ಪ್ರೋಗ್ರಾಮಿಗೆ ಯಾವ ಯಾವ ಲೈಬ್ರರಿ ಬೇಕು, ಯಾವುದು ಸಿಗುತ್ತಿಲ್ಲ ಎಂಬುದನ್ನು ಎಲ್‌ಡಿಡಿ ಎಂಬ ಆದೇಶ ಒಂದೇ ನೋಟಕ್ಕೆ ತೋರಿಸುತ್ತದೆ. ಆದರೆ ನಂಬಿಕೆಯಿಲ್ಲದ ಪ್ರೋಗ್ರಾಮಿನ ಮೇಲೆ ಅದನ್ನು ಪ್ರಯೋಗಿಸಬೇಡಿ, ಕೆಲವು ಸಂದರ್ಭಗಳಲ್ಲಿ ಅದು ಆ ಪ್ರೋಗ್ರಾಮನ್ನೇ ಓಡಿಸಿಬಿಡಬಹುದು. ಕಾಣೆಯಾದ ಕಡತ ಯಾವ ಪ್ಯಾಕೇಜಿನದು ಎಂಬುದನ್ನು ಎಪಿಟಿ-ಫೈಲ್ ಎಂಬ ಉಪಕರಣ ಹುಡುಕಿಕೊಡುತ್ತದೆ. ವಿಂಡೋಸ್‌ನಲ್ಲಿ ನಾವು ಹೆಸರು ನೋಡಿ ಊಹಿಸುವ ಕೆಲಸವನ್ನು ಇಲ್ಲಿ ಅದೇ ಮಾಡುತ್ತದೆ. ಲೈಬ್ರರಿಯನ್ನು ನೀವೇ ಕಟ್ಟಿ ಲೋಕಲ್ ಫೋಲ್ಡರಿಗೆ ಹಾಕಿದ್ದರೆ ಸುಡೋ ಎಲ್‌ಡಿಕಾನ್ಫಿಗ್ ಓಡಿಸುವುದನ್ನು ಮರೆಯಬೇಡಿ. ಅಲ್ಲಿಯವರೆಗೆ ವ್ಯವಸ್ಥೆಗೆ ಅದರ ಸುಳಿವು ಸಿಗದೆ ಹೋಗಬಹುದು.

ಇನ್ನು ತಲೆ ಕೆಡಿಸುವ ಒಂದು ದೂರಿದೆ. ಪ್ರೋಗ್ರಾಮ್ ಕಣ್ಣೆದುರೇ ಇದೆ, ಎಲ್ಎಸ್ ಆದೇಶ ಅದನ್ನು ತೋರಿಸುತ್ತಿದೆ, ಓಡಿಸಿದರೆ ಮಾತ್ರ ‘ಅಂಥ ಕಡತ ಇಲ್ಲ’ ಎನ್ನುತ್ತದೆ. ಇಲ್ಲದಿರುವುದು ಪ್ರೋಗ್ರಾಮ್ ಅಲ್ಲ, ಅದನ್ನು ಮೆಮೊರಿಗೆ ಏರಿಸುವ ಲೋಡರ್. 64 ಬಿಟ್ ಪೈ ಒಎಸ್ ಮೇಲೆ 32 ಬಿಟ್ ಪ್ರೋಗ್ರಾಮ್ ತಂದಾಗ ಹೀಗಾಗುತ್ತದೆ. ಫೈಲ್ ಎಂಬ ಆದೇಶಕ್ಕೆ ಆ ಪ್ರೋಗ್ರಾಮಿನ ಹೆಸರು ಕೊಟ್ಟರೆ ಅದು 32 ಬಿಟ್‌ನದೋ 64ರದೋ, ಯಾವ ಲೋಡರ್ ಬೇಕು ಎಂಬುದನ್ನು ಹೇಳುತ್ತದೆ. ಎಎಆರ್‌ಸಿಎಚ್64, ಅಂದರೆ 64 ಬಿಟ್ ಆವೃತ್ತಿ ಸಿಕ್ಕರೆ ಅದನ್ನೇ ತನ್ನಿ. ಸಿಗದಿದ್ದರೆ ಡಿಪಿಕೆಜಿ ಆದೇಶದಿಂದ ಎಆರ್‌ಎಂಎಚ್‌ಎಫ್ ಎಂಬ 32 ಬಿಟ್ ಆರ್ಕಿಟೆಕ್ಚರನ್ನು ಸೇರಿಸಿ, ಎಪಿಟಿ ಪಟ್ಟಿಯನ್ನು ಅಪ್‌ಡೇಟ್ ಮಾಡಿ, ಲಿಬ್‌ಸಿ6ರ ಎಆರ್‌ಎಂಎಚ್‌ಎಫ್ ಪ್ಯಾಕೇಜ್ ಹಾಕಿ ಮತ್ತೆ ಓಡಿಸಿ. ಇನ್ನೂ ಬೇರೆ ಲೈಬ್ರರಿ ಕೇಳಿದರೆ ಅದರ ಎಆರ್‌ಎಂಎಚ್‌ಎಫ್ ಪ್ಯಾಕೇಜನ್ನೂ ಇದೇ ರೀತಿ ಸೇರಿಸುತ್ತ ಹೋಗಿ.